ನ್ಯಾಯಾಧೀಶರಿಗೆ ವಂದನೆ ಹೇಳಿದ ಹೆಂಗಸು

ಅಮೆರಿಕದ ಸಿನಿಮಾ ಎಂದೊಡನೆ ನಮಗೆ ಹಾಲಿವುಡ್ಡೇ ನೆನಪಾಗುವುದು ಸಹಜ. ದೊಡ್ಡ ಸ್ಟುಡಿಯೋಗಳ ಹಂಗಿಲ್ಲದೆ ಅಲ್ಪ ಹಣದಲ್ಲಿ ಚಿತ್ರ ಮಾಡಿದವರೂ ಅಲ್ಲಿದ್ದಾರೆ. ಅವರಲ್ಲೊಬ್ಬಳು ಬಾರ್ಬರಾ ಲೋಡನ್. ಆಕೆ ನಿರ್ದೇಶಿಸಿದ ಕಥಾಚಿತ್ರ ಒಂದೇ ಒಂದು.

1932ರಲ್ಲಿ ನಾರ್ತ್ ಕೆರೊಲಿನಾದಲ್ಲಿ ಹುಟ್ಟಿದ ಈಕೆ ಹದಿಹರೆಯದಲ್ಲೇ ನ್ಯೂಯಾರ್ಕಿಗೆ ಬಂದು ರೂಪದರ್ಶಿಯಾಗಿ, ನರ್ತಕಿಯಾಗಿ ಹೊಟ್ಟೆ ಹೊರೆದಳು. ಪ್ರಸಿದ್ಧ ನಿರ್ದೇಶಕ ಎಲಿಯಾ ಕಜಾನನ ಎರಡು ಚಿತ್ರಗಳಲ್ಲಿ ಸಣ್ಣ ಪಾತ್ರ ಮಾಡಿದಳು. ಮುಂದೆ ಅವನನ್ನೇ ಮದುವೆಯಾದಳು. 1964ರಲ್ಲಿ ಆರ್ಥರ್ ಮಿಲ್ಲರನ 'ಆಫ್ಟರ್ ದಿ ಫಾಲ್' ನಾಟಕದ ಅಭಿನಯಕ್ಕೆ ಟೋನಿ ಪ್ರಶಸ್ತಿ ಬಂದಿತು. ಆದರೂ ಸಿನಿಮಾ ಆಕೆಗೆ ಒಲಿಯಲಿಲ್ಲ. 'ದಿ ಸ್ವಿಮ್ಮರ್' ಚಿತ್ರದಲ್ಲಿ ಆಕೆ ನಟಿಸಿದ್ದ ಭಾಗವನ್ನು ತೆಗೆದುಹಾಕಿ ಬೇರೊಬ್ಬ ನಟಿಯಿಂದ ಮತ್ತೆ ಚಿತ್ರಿಸಿಕೊಂಡರು.

ಬಹಳ ಹಿಂದೆ ಆಕೆ ಪತ್ರಿಕೆಯಲ್ಲೊಂದು ಸುದ್ದಿ ಓದಿದ್ದಳು. ಬ್ಯಾಂಕ್ ದರೋಡೆಗೆ ನೆರವಾದ ಹೆಂಗಸೊಬ್ಬಳಿಗೆ 20 ವರ್ಷ ಸೆರೆವಾಸ ವಿಧಿಸಿದಾಗ ಅವಳು ನ್ಯಾಯಾಧೀಶರಿಗೆ ವಂದನೆ ಹೇಳಿದಳಂತೆ! ಸೆರೆಮನೆಯೇ ನೆಮ್ಮದಿಯೆನಿಸುವಷ್ಟು ಬದುಕು ಬರಿದಾಗಿರಬೇಕಾದರೆ ಅದು ಎಂಥ ಬದುಕು? ಈ ಪ್ರಶ್ನೆಯಿಂದಲೇ 'ವಾಂಡಾ' ಹುಟ್ಟಿತು. ಕಥೆ, ನಿರ್ದೇಶನ, ನಾಯಕಿಯ ಪಾತ್ರ, ಮೂರೂ ಆಕೆಯವೇ. ಪೆನ್ಸಿಲ್ವೇನಿಯಾದ ಕಲ್ಲಿದ್ದಲು ಸೀಮೆಯಲ್ಲಿ 16 ಮಿ.ಮೀ. ಕ್ಯಾಮೆರಾ ಹಿಡಿದು, ನಾಲ್ಕೇ ಜನರ ತಂಡ ಕಟ್ಟಿಕೊಂಡು ಮಾಡಿದ ಚಿತ್ರವದು. ನಟರಲ್ಲಿ ಹೆಚ್ಚಿನವರು ವೃತ್ತಿನಟರಲ್ಲ. ತಲೆಗೆ ಕರ್ಲರ್ ಸುತ್ತಿಕೊಂಡೇ ನ್ಯಾಯಾಲಯಕ್ಕೆ ತಡವಾಗಿ ಬರುವ ವಾಂಡಾ, ಮಕ್ಕಳು ಗಂಡನ ಬಳಿಯೇ ಚೆನ್ನಾಗಿರುತ್ತಾರೆಂದು ಒಪ್ಪಿಬಿಡುತ್ತಾಳೆ. ಒಂದು ಕಣ್ಣೀರಿಲ್ಲ. ಹೇಳಿದ್ದಕ್ಕೆಲ್ಲ "ಆಗಲಿ ಸಾರ್" ಎಂದು ತಲೆ ತಗ್ಗಿಸುತ್ತಿದ್ದ ಹಿಂದಿನ ಬೆಂಚಿನ ಹುಡುಗಿಯರು ನನಗೆ ಆ ಕ್ಷಣ ನೆನಪಾದರು. ಅವರನ್ನು ನಾನು ವಿಧೇಯರೆಂದು ಮೆಚ್ಚಿಕೊಂಡಿದ್ದೆ.

1970ರ ವೆನಿಸ್ ಚಿತ್ರೋತ್ಸವದಲ್ಲಿ 'ವಾಂಡಾ' ವಿಮರ್ಶಕರ ಬಹುಮಾನ ಪಡೆಯಿತು. ಸ್ವದೇಶದಲ್ಲಿ ನೋಡಿದವರು ಕಡಿಮೆ. ಇಷ್ಟು ನಿಶ್ಚೇಷ್ಟಿತ ನಾಯಕಿ ಏಕೆಂದು ಕೆಲವು ಸ್ತ್ರೀವಾದಿಗಳೂ ಆಕ್ಷೇಪಿಸಿದರು. ಒಂದು ಕಾಲಕ್ಕೆ ತಾನೂ ಹಾಗೆಯೇ ಇದ್ದೆನೆಂದು ಲೋಡನ್ ಹೇಳಿಕೊಂಡಿದ್ದುಂಟು. ಅದಕ್ಕಿಂತ ದೊಡ್ಡ ಸಮರ್ಥನೆ ಬೇಕೆಂದು ನನಗನ್ನಿಸುವುದಿಲ್ಲ. ಇನ್ನೊಂದು ಚಿತ್ರ ಮಾಡುವ ಹಂಬಲ ಕೈಗೂಡದೆ 1980ರಲ್ಲಿ, 48ರ ವಯಸ್ಸಿನಲ್ಲಿ ಸ್ತನ ಕ್ಯಾನ್ಸರಿನಿಂದ ತೀರಿಕೊಂಡಳು. ಎಂಟು ವರ್ಷಗಳ ಬಳಿಕ ಬಂದ ಆತ್ಮಕಥೆಯಲ್ಲಿ ಕಜಾನ್, ಮೊದಲ ಚಿತ್ರಕಥೆ ಬರೆದುಕೊಟ್ಟವನು ತಾನೇ ಎಂದ. ಉತ್ತರ ಹೇಳಲು ಆಕೆ ಇರಲಿಲ್ಲ.

ಚಿತ್ರದ ಮೂಲ ರೀಲುಗಳು ಮುಚ್ಚಲಿದ್ದ ಲ್ಯಾಬೊಂದರಲ್ಲಿ ಕಸದ ಪಾಲಾಗುವುದರಲ್ಲಿದ್ದವು. ಲಾಸ್ ಏಂಜಲೀಸಿನ ಯು.ಸಿ.ಎಲ್.ಎ. ಚಿತ್ರ ಸಂಗ್ರಹಾಲಯದವರು ಅವನ್ನು ಉಳಿಸಿ, 2010ರಲ್ಲಿ ಚಿತ್ರಕ್ಕೆ ಮರುಜೀವ ಕೊಟ್ಟರು. 2017ರಲ್ಲಿ ಅದು ಅಮೆರಿಕದ ರಾಷ್ಟ್ರೀಯ ಚಲನಚಿತ್ರ ಪಟ್ಟಿಗೆ ಸೇರಿತು. ಅದರ ಕೊನೆಯ ದೃಶ್ಯದಲ್ಲಿ ವಾಂಡಾ ಹೆದ್ದಾರಿ ಬದಿಯ ಹೋಟೆಲಿನಲ್ಲಿ ಅಪರಿಚಿತರ ನಡುವೆ ಇಕ್ಕಟ್ಟಾಗಿ ಕುಳಿತಿರುತ್ತಾಳೆ. ಯಾರೋ ಕೊಟ್ಟದ್ದನ್ನು ತಿನ್ನುತ್ತಾಳೆ, ಯಾರೋ ಕೊಟ್ಟ ಸಿಗರೇಟು ಸೇದುತ್ತಾಳೆ. ಸುತ್ತ ಪಿಟೀಲು, ನಗು. ಅವಳನ್ನು ಮಾತನಾಡಿಸುವವರಿಲ್ಲ.