ಹೆಮಿಲಿಯಾ: ಕಾಫಿ ಎಲೆಯ ತುಕ್ಕು ಹೇಳುವ ಚರಿತ್ರೆ

1869ರಲ್ಲಿ ಸಿಲೋನಿನಿಂದ ಇಂಗ್ಲೆಂಡಿಗೆ ಕೆಲವು ಕಾಯಿಲೆ ಎಲೆಗಳು ಹೋದವು. ಕಾಫಿ ಗಿಡದ ಎಲೆಗಳು. ಅಡಿಮೈಯಲ್ಲಿ ಕಿತ್ತಳೆ ಬಣ್ಣದ ಪುಡಿ. ಶಿಲೀಂಧ್ರತಜ್ಞ ಮೈಲ್ಸ್ ಬರ್ಕ್ಲಿ ಸೂಕ್ಷ್ಮದರ್ಶಕದಲ್ಲಿ ನೋಡಿದಾಗ ಅದರ ಬೀಜಾಣುವಿನ ಒಂದು ಬದಿ ನುಣುಪು, ಇನ್ನೊಂದು ಬದಿ ಮುಳ್ಳುಮುಳ್ಳು. ಅವರು ಮತ್ತು ಬ್ರೂಮ್ ಸೇರಿ ಹೊಸ ಕುಲವನ್ನೇ ಗುರುತಿಸಿ ಹೆಮಿಲಿಯಾ, ಅಂದರೆ ‘ಅರೆ ನುಣುಪು’ ಎಂದು ಹೆಸರಿಟ್ಟರು. ಪ್ರಭೇದದ ಹೆಸರು ವ್ಯಾಸ್ಟಾಟ್ರಿಕ್ಸ್: ‘ಹಾಳುಗೆಡವುವವಳು’.

ಆ ಹೆಸರು ತಪ್ಪನ್ನೆಲ್ಲ ಶಿಲೀಂಧ್ರದ ತಲೆಗೆ ಕಟ್ಟುತ್ತದೆ. ಆದರೆ ಕಾಫಿಯ ತವರಾದ ಇಥಿಯೋಪಿಯದ ಕಾಡುಗಳಲ್ಲಿ ಗಿಡವೂ ತುಕ್ಕೂ ಕಾಲದಿಂದ ಕೂಡಿಯೇ ಬಾಳಿವೆ. ಸಿಲೋನಿನಲ್ಲಿ ಆದದ್ದೇ ಬೇರೆ. ಅಲ್ಲಿ ಬ್ರಿಟಿಷ್ ಪ್ಲಾಂಟರುಗಳು ಬೆಟ್ಟದ ಕಾಡು ಕಡಿದು, ಸಾಲುಸಾಲಾಗಿ ಅರೇಬಿಕಾ ಒಂದನ್ನೇ ನೆಟ್ಟಿದ್ದರು. 1870ರ ಸುಮಾರಿಗೆ ವರ್ಷಕ್ಕೆ ಹತ್ತಿರಹತ್ತಿರ 4.5 ಕೋಟಿ ಕಿಲೋ ಇದ್ದ ರಫ್ತು ಎರಡು ದಶಕಗಳಲ್ಲಿ ಅದರ ಸಣ್ಣ ಪಾಲಿಗೆ ಇಳಿಯಿತು.

1880ರಲ್ಲಿ ಹ್ಯಾರಿ ಮಾರ್ಷಲ್ ವಾರ್ಡ್ ಎಂಬ ಯುವ ಸಸ್ಯವಿಜ್ಞಾನಿಯನ್ನು ಅಲ್ಲಿಗೆ ಕಳಿಸಿದರು. ಅವರು ಗ್ಲಿಸರಿನ್ ಸವರಿದ ಗಾಜಿನ ಪಟ್ಟಿಗಳನ್ನು ತೋಟದಲ್ಲಿಟ್ಟು, ಗಾಳಿಯಲ್ಲಿ ತೇಲಿ ಬರುವ ಬೀಜಾಣುಗಳನ್ನು ಹಿಡಿದರು. ಒಂದೇ ಬಗೆಯ ಗಿಡ ಎಡೆಬಿಡದೆ ಹಬ್ಬಿರುವ ಕಡೆ ಗಾಳಿಗೆ ತಡೆಯಿಲ್ಲ, ರೋಗಕ್ಕೆ ಮೇವಿಗೆ ಕೊರತೆಯಿಲ್ಲ ಎಂದು ತೋರಿಸಿಕೊಟ್ಟರು. ಪ್ಲಾಂಟರುಗಳು ಕೇಳಿದ್ದು ಮದ್ದು, ಸಿಕ್ಕಿದ್ದು ಕಾರಣ. ಅವರು ಕಾಫಿ ಕಿತ್ತು ಸಿಂಕೋನಾ, ಆಮೇಲೆ ಟೀ ನೆಟ್ಟರು. ತಮಿಳುನಾಡಿನಿಂದ ಬಂದಿದ್ದ ಕೂಲಿಗಳ ಬದುಕೂ ಬೆಳೆಯೊಂದಿಗೆ ಅಲ್ಲಾಡಿತು. ಬೆಳೆ ಬದಲಾಯಿತು, ಬೆಳೆಸುವ ಕ್ರಮ ಬದಲಾಗಲಿಲ್ಲ.

ತುಕ್ಕು ಬೇಗನೆ ದಕ್ಷಿಣ ಭಾರತಕ್ಕೂ ದಾಟಿತು. ಇಲ್ಲಿ ಹುಡುಕಿದ ಉತ್ತರ, ತಾಳಿಕೊಳ್ಳುವ ತಳಿ. 1911ರಲ್ಲಿ ಮೈಸೂರು ಸೀಮೆಯ ದೊಡ್ಡೆನಗುಡ್ಡ ತೋಟದಲ್ಲಿ ಕೆಂಟ್ ಎಂಬ ಪ್ಲಾಂಟರು ರೋಗ ತಟ್ಟದ ಗಿಡವೊಂದನ್ನು ಆಯ್ದರು. ಅದರ ಸಂತತಿಗೆ ‘ಕೆಂಟ್ಸ್’ ಎಂದೇ ಹೆಸರಾಯಿತು. ಎಲ್ಲರೂ ಅದನ್ನೇ ಹಾಕಿದರು. ಕೆಲವೇ ವರ್ಷಗಳಲ್ಲಿ ಅದರ ಎಲೆಗೂ ಕಿತ್ತಳೆ ಪುಡಿ ಮೆತ್ತಿತು.

ಏಕೆಂಬುದು ತಿಳಿದದ್ದು ಬಾಳೆಹೊನ್ನೂರಿನಲ್ಲಿ. 1925ರಲ್ಲಿ ಶುರುವಾದ ಅಲ್ಲಿನ ಕಾಫಿ ಸಂಶೋಧನಾ ಕೇಂದ್ರದಲ್ಲಿ ಡಬ್ಲ್ಯು. ಡಬ್ಲ್ಯು. ಮೇಯ್ನ್, 1930ರ ದಶಕದಲ್ಲಿ, ಈ ಒಂದೇ ಪ್ರಭೇದದೊಳಗೆ ಹಲವು ಬಗೆಗಳಿವೆ ಎಂದು ಕಂಡುಕೊಂಡರು. ಕೆಂಟ್ಸ್ ಒಂದು ಬಗೆಯನ್ನು ತಡೆದಿತ್ತು. ಅದನ್ನೇ ಎಲ್ಲೆಡೆ ನೆಟ್ಟಾಗ ಇನ್ನೊಂದಕ್ಕೆ ಹಾದಿ ತೆರೆಯಿತು. ವಾರ್ಡ್ ಇಡೀ ಗುಡ್ಡದ ಮೇಲೆ ಕಂಡದ್ದನ್ನೇ ಮೇಯ್ನ್ ತಳಿಯೊಂದರಲ್ಲಿ ಕಂಡರು.

ಮುಂದೆ ಕೆಂಟ್ಸ್ ರಕ್ತವೇ ಇರುವ ಎಸ್.795 ಬಂತು. ಇಂದಿಗೂ ಮಲೆನಾಡಿನ ತೋಟಗಳಲ್ಲಿದೆ. ಈಗ ಅದಕ್ಕೂ ತುಕ್ಕು ಹಿಡಿಯುತ್ತದೆ. ಮಳೆಗಾಲಕ್ಕೆ ಮುಂಚೆ ಬೆಳೆಗಾರರು ಮೈಲುತುತ್ತ, ಸುಣ್ಣ ಬೆರೆಸಿ ಬೋರ್ಡೋ ದ್ರಾವಣ ಹೊಡೆಯುತ್ತಾರೆ. ಹಾಳುಗೆಡವುವವಳು ಎಂದು ನಾವು ಕರೆದ ಶಿಲೀಂಧ್ರ ಎಂದೂ ಒಂಟಿಯಾಗಿ ಹಾಳುಗೆಡವಿಲ್ಲ. ಅದಕ್ಕೆ ಬೇಕಾದ ಗದ್ದುಗೆಯನ್ನು ಪ್ರತಿ ಸಲವೂ ನಾವೇ ಹಾಸಿಕೊಟ್ಟಿದ್ದೇವೆ.