ನಿದ್ದೆ ಬಾರದ ಮರಿಗಳು

ಮಗುವನ್ನು ಮಲಗಿಸುವ ವಿದ್ಯೆಯಲ್ಲಿ ಎರಡು ಹಳೆಯ ಉಪಾಯಗಳುಂಟು. ಒಂದು ಜೋಗುಳ, ಇನ್ನೊಂದು ಗುಮ್ಮ. ಮೊದಲನೆಯದು ಸೋತ ಮನೆಗಳಲ್ಲಿ ಎರಡನೆಯದನ್ನು ಕರೆಯುವುದು ವಾಡಿಕೆ. ಪುರಂದರದಾಸರ ಪ್ರಸಿದ್ಧ ಪದವೊಂದರಲ್ಲಿ ಬಾಲಕೃಷ್ಣನೇ ಗುಮ್ಮನನ್ನು ಕರೆಯಬೇಡವೆಂದು ತಾಯಿಯನ್ನು ಬೇಡಿಕೊಳ್ಳುತ್ತಾನೆ. ಹದಿನಾಲ್ಕು ಲೋಕಗಳನ್ನು ಹೊಟ್ಟೆಯಲ್ಲಿಟ್ಟುಕೊಂಡವನಿಗೂ ಆ ಹೆಸರೆಂದರೆ ಅಂಜಿಕೆ. ಯುರೋಪು, ಅಮೆರಿಕಗಳ ಅಜ್ಜಿಯರ ಬಳಿಯೂ ಇಂಥ ಗುಮ್ಮಗಳಿಗೇನೂ ಕೊರತೆ ಇರಲಿಲ್ಲ. ಆ ನಾಡುಗಳಲ್ಲಿ ಇಪ್ಪತ್ತನೆಯ ಶತಮಾನದ ನಡುವೆ ಮೂರನೆಯ ಉಪಾಯವೊಂದು ಬಳಕೆಗೆ ಬಂತು. ಅದೇ ಮಲಗುವ ಹೊತ್ತಿನ ಚಿತ್ರಪುಸ್ತಕ. ಅದರ ನಾಯಕ ಸಾಮಾನ್ಯವಾಗಿ ನಿದ್ದೆ ಬಾರದ ಒಂದು ಮರಿಪ್ರಾಣಿ.

ಮೂವತ್ತು ಪುಟದ ಪುಸ್ತಕಕ್ಕೆ ಎಂಥ ಚರಿತ್ರೆ ಎಂದು ಕೇಳಬಹುದು. ಆದರೆ ಮಗುವಿನ ಅಂಜಿಕೆಯನ್ನು ದೊಡ್ಡವರು ಎಷ್ಟರಮಟ್ಟಿಗೆ ಲೆಕ್ಕಕ್ಕೆ ತೆಗೆದುಕೊಂಡರು ಎಂಬುದನ್ನು ಈ ಪುಟ್ಟ ಪುಸ್ತಕಗಳು ಹೇಳುವಷ್ಟು ಸ್ಪಷ್ಟವಾಗಿ ದೊಡ್ಡ ಗ್ರಂಥಗಳು ಹೇಳುವುದಿಲ್ಲ.

ಮೊದಲಿಗೆ ಒಂದು ವಿಷಯವನ್ನು ಗಮನಿಸಬೇಕು. ಹಜಾರದಲ್ಲಿ ಸಾಲಾಗಿ ಹಾಸಿದ ಚಾಪೆಗಳ ಮೇಲೆ ಅಜ್ಜಿಯ ಸೆರಗು ಹಿಡಿದು ಮಲಗುವ ಮಗುವಿಗೆ ಈ ಬಗೆಯ ಪುಸ್ತಕದ ಅಗತ್ಯ ಅಷ್ಟಾಗಿ ತೋರದು. ನಡುರಾತ್ರಿ ಎಚ್ಚರವಾದರೆ ಕೈಚಾಚಿದಲ್ಲಿ ಯಾರಾದರೊಬ್ಬರು ಸಿಕ್ಕುತ್ತಾರೆ. ಇಂಗ್ಲೆಂಡು, ಅಮೆರಿಕಗಳ ಮಧ್ಯಮವರ್ಗದ ಮನೆಗಳಲ್ಲಿ ಮಗುವಿಗೆ ಬೇರೆ ಕೋಣೆ, ಬೇರೆ ಮಂಚ, ಗಡಿಯಾರ ಹೇಳಿದ ಹೊತ್ತಿಗೆ ದೀಪ ಆರಿಸುವ ಕಟ್ಟಳೆ ಬೇರೂರಿತು. ತಾಯಿ ಮುತ್ತಿಟ್ಟು ಬಾಗಿಲೆಳೆದುಕೊಂಡು ಹೋದಮೇಲೆ ಒಳಗೆ ಉಳಿಯುವುದು ಮಗು ಮತ್ತು ಕತ್ತಲು. ಮಲಗುವ ಹೊತ್ತಿನ ಪುಸ್ತಕ ಹುಟ್ಟಿದ್ದು ಆ ಬಾಗಿಲ ಬಳಿಯಲ್ಲಿ.

ಮರಿಪ್ರಾಣಿಗಳು ಅದಕ್ಕೆ ಮೊದಲೂ ಪುಸ್ತಕಗಳಲ್ಲಿ ಹಾಸಿಗೆ ಸೇರಿದ್ದುವು. 1902ರಲ್ಲಿ ಲಂಡನ್ನಿನಲ್ಲಿ ಪ್ರಕಟವಾದ ಬಿಯಾಟ್ರಿಕ್ಸ್ ಪಾಟರ್ ಅವರ ಪೀಟರ್ ಎಂಬ ಮೊಲದ ಕಥೆ ಅನೇಕರಿಗೆ ಗೊತ್ತು. ತಾಯಿಯ ಮಾತು ಮೀರಿ ತೋಟಕ್ಕೆ ನುಗ್ಗಿ, ಪ್ರಾಣ ಉಳಿಸಿಕೊಂಡು ಬಂದ ಪೀಟರನಿಗೆ ಕೊನೆಯಲ್ಲಿ ದೊರೆಯುವುದು ಹಾಸಿಗೆ ಮತ್ತು ಕ್ಯಾಮೊಮೈಲ್ ಹೂವಿನ ಕಷಾಯ. ಮಾತು ಕೇಳಿದ ಸೋದರಿಯರಿಗೆ ಹಾಲು, ರೊಟ್ಟಿ, ಹಣ್ಣು. ಅಲ್ಲಿ ಹಾಸಿಗೆ ತಪ್ಪಿನ ಫಲ. ನಿದ್ದೆ ಕಥೆಯ ಮುಕ್ತಾಯವೇ ಹೊರತು ಕಥೆಯ ವಸ್ತುವಲ್ಲ.

ಇಷ್ಟರಲ್ಲಿ ಮೊಲ ಪ್ರಯೋಗಶಾಲೆಯನ್ನೂ ಹೊಕ್ಕಿತು. ಅಮೆರಿಕದ ಜಾನ್ಸ್ ಹಾಪ್ಕಿನ್ಸ್ ವಿಶ್ವವಿದ್ಯಾನಿಲಯದ ಜಾನ್ ವಾಟ್ಸನ್ ಎಂಬ ಮನಶ್ಶಾಸ್ತ್ರಜ್ಞರು ತಮ್ಮ ಸಹಾಯಕಿ ರೊಸಾಲಿ ರೇನರ್ ಜೊತೆ ಸೇರಿ 1920ರಲ್ಲಿ ಒಂದು ಪ್ರಯೋಗದ ವರದಿಯನ್ನು ಪ್ರಕಟಿಸಿದರು. ಹನ್ನೊಂದು ತಿಂಗಳ ಹಸುಳೆಯೊಂದು ಬಿಳಿಯ ಇಲಿಯನ್ನು ಮುಟ್ಟಹೋದಾಗಲೆಲ್ಲ ಅದರ ಬೆನ್ನ ಹಿಂದೆ ಉಕ್ಕಿನ ಸರಳನ್ನು ಸುತ್ತಿಗೆಯಿಂದ ಬಡಿದರು. ಕೆಲವು ಸಲ ಹೀಗಾದಮೇಲೆ ಸದ್ದಿಲ್ಲದಿದ್ದರೂ ಇಲಿಯನ್ನು ಕಂಡರೆ ಮಗು ಅಳತೊಡಗಿತು. ಇಲಿಗೆ ಕಲಿತ ಭಯ ಮೊಲಕ್ಕೂ ಹರಿಯಿತು. ಗುಮ್ಮನನ್ನು ಕರೆಯುವ ತಾಯಂದಿರಿಗೆ ಗೊತ್ತಿದ್ದುದನ್ನು ವಿಜ್ಞಾನ ಸುತ್ತಿಗೆ ಹಿಡಿದು ಸಾಧಿಸಿ ತೋರಿಸಿತು: ಭಯವನ್ನು ಕಲಿಸಬಹುದು.

ಕಲಿಸಿದ್ದನ್ನು ಮರೆಸಬಹುದೆ? 1924ರಲ್ಲಿ ಮೇರಿ ಕವರ್ ಜೋನ್ಸ್ ಎಂಬಾಕೆ ಇದಕ್ಕೆ ಉತ್ತರ ಕೊಟ್ಟರು. ಅವರ ವರದಿಯಲ್ಲಿ ಪೀಟರ್ ಎಂದು ಕರೆಯಲಾದ ಸುಮಾರು ಮೂರು ವರ್ಷದ ಹುಡುಗನಿಗೆ ಮೊಲವೆಂದರೆ ಭಯ. ಅವನು ಇಷ್ಟಪಟ್ಟು ತಿನ್ನುತ್ತಿರುವಾಗ ಪಂಜರದ ಮೊಲವನ್ನು ದೂರದಲ್ಲಿ ಇಟ್ಟರು. ದಿನಕ್ಕಿಷ್ಟು ಹತ್ತಿರ ತಂದರು. ಬೇರೆ ಮಕ್ಕಳು ಮೊಲದೊಡನೆ ಆಡುವುದನ್ನು ಅವನು ನೋಡುವಂತೆ ಮಾಡಿದರು. ಕಡೆಗೆ ಪೀಟರ್ ಮೊಲವನ್ನು ಮುಟ್ಟಿ ಸವರಿದನು. ಒಂದು ಮಗುವಿಗೆ ಭಯವನ್ನು ಕೊಟ್ಟ ಪ್ರಾಣಿಯೇ ಇನ್ನೊಂದು ಮಗುವಿನ ಭಯ ಬಿಡಿಸುವ ಸಾಧನವಾಯಿತು.

ಆದರೆ ಆ ದಶಕದಲ್ಲಿ ಮನೆಮನೆಗೆ ಮುಟ್ಟಿದ್ದು ಜೋನ್ಸ್ ಅವರ ಸಹನೆಯಲ್ಲ, ವಾಟ್ಸನ್ನರ ಕಟ್ಟುನಿಟ್ಟು. 1928ರಲ್ಲಿ ಅವರು ಬರೆದ ಶಿಶುಪಾಲನೆಯ ಪುಸ್ತಕ ಮಕ್ಕಳನ್ನು ಅಪ್ಪಿಕೊಳ್ಳಬೇಡಿ, ತೊಡೆಯ ಮೇಲೆ ಕೂರಿಸಿಕೊಳ್ಳಬೇಡಿ ಎಂದು ತಾಯಂದಿರಿಗೆ ಬುದ್ಧಿ ಹೇಳಿತು. ತೀರ ಅನಿವಾರ್ಯವಾದರೆ ಮಲಗುವ ಮುನ್ನ ಹಣೆಯ ಮೇಲೆ ಒಂದೇ ಒಂದು ಮುತ್ತು, ಬೆಳಗಾದರೆ ಕೈಕುಲುಕು! ಬೆಂಜಮಿನ್ ಸ್ಪಾಕ್ ಎಂಬ ವೈದ್ಯರು ತಾಯಂದಿರು ತಮ್ಮ ಸ್ವಂತ ತಿಳಿವಳಿಕೆಯನ್ನು ನಂಬಬಹುದು, ಮಕ್ಕಳನ್ನು ಮುದ್ದಿಸಬಹುದು ಎಂದು ಧೈರ್ಯ ಹೇಳಿದ ಪುಸ್ತಕ ಬಂದದ್ದು 1946ರಲ್ಲಿ. ಮರುವರ್ಷವೇ, 1947ರ ಸೆಪ್ಟೆಂಬರಿನಲ್ಲಿ, ನ್ಯೂಯಾರ್ಕಿನ ಹಾರ್ಪರ್ ಸಂಸ್ಥೆಯಿಂದ ‘ಗುಡ್‌ನೈಟ್ ಮೂನ್’ ಎಂಬ ಪುಸ್ತಕ ಹೊರಬಂತು. ಬರೆದವರು ಮಾರ್ಗರೆಟ್ ವೈಸ್ ಬ್ರೌನ್, ಚಿತ್ರಗಳು ಕ್ಲೆಮೆಂಟ್ ಹರ್ಡ್ ಅವರವು.

ಬ್ರೌನ್ 1910ರಲ್ಲಿ ಹುಟ್ಟಿದವರು. ಆಕೆ ಶಿಕ್ಷಕಿಯಾಗಲು ಸೇರಿದ ಶಾಲೆ ನ್ಯೂಯಾರ್ಕಿನ ಬ್ಯಾಂಕ್ ಸ್ಟ್ರೀಟಿನಲ್ಲಿತ್ತು. ಲೂಸಿ ಸ್ಪ್ರೇಗ್ ಮಿಚೆಲ್ ಎಂಬ ವಿದುಷಿ 1916ರಲ್ಲಿ ಹುಟ್ಟುಹಾಕಿದ ಸಂಸ್ಥೆ ಅದು. ಮಕ್ಕಳು ಆಡುವ ಮಾತನ್ನು ಕಿವಿಗೊಟ್ಟು ಕೇಳಿ ಬರೆದಿಟ್ಟುಕೊಳ್ಳುವುದು ಅಲ್ಲಿಯ ಪದ್ಧತಿ. ಎರಡು ಮೂರು ವರ್ಷದ ಮಗುವಿಗೆ ರಾಜಕುಮಾರಿಯರ ಕಥೆಗಿಂತ ತನ್ನ ಬಟ್ಟಲು, ತನ್ನ ಬೀದಿ, ಕೂಗುವ ರೈಲುಗಳೇ ದೊಡ್ಡ ವಿಸ್ಮಯ ಎಂಬುದು ಮಿಚೆಲ್ ಅವರ ನಿಲುವು. ಅದನ್ನು ಆಧರಿಸಿ 1921ರಲ್ಲಿ ಅವರು ಒಂದು ಕಥಾಸಂಗ್ರಹವನ್ನೇ ತಂದಿದ್ದರು. ಬ್ರೌನ್ ಈ ಪಾಠವನ್ನು ಚೆನ್ನಾಗಿ ಕಲಿತರು. ಸ್ವಭಾವತಃ ಆಕೆ ಸಾಧುಪ್ರಾಣಿಯೇನಲ್ಲ. ಲಾಂಗ್ ಐಲೆಂಡಿನಲ್ಲಿ ಬೀಗಲ್ ನಾಯಿಗಳ ಹಿಂದೆ ಓಡಿ ಮೊಲದ ಬೇಟೆಯಾಡುತ್ತಿದ್ದರು. ಬರೆಯಲು ಕುಳಿತಾಗ ಮಾತ್ರ ಅದೇ ಮೊಲವನ್ನು ಹಾಸಿಗೆಯಲ್ಲಿ ಮಲಗಿಸಿ ಹೊದಿಕೆ ಹೊದಿಸಿದರು.

ಹರ್ಡ್ ಅವರು ಪ್ಯಾರಿಸ್ಸಿನಲ್ಲಿ ಫರ್ನಾಂಡ್ ಲೆಜೆ ಎಂಬ ಹೊಸಪಂಥದ ಚಿತ್ರಕಾರರ ಬಳಿ ಕಲಿತವರು. ಹಸಿರು ಗೋಡೆ, ಕೆಂಪು ನೆಲ, ಗಾಢವಾದ ಬಣ್ಣಗಳು ಅಲ್ಲಿಂದ ಬಂದವು. ಮೊದಲು ಅವರು ಮನುಷ್ಯರ ಮಗುವನ್ನೇ ಬರೆದು ನೋಡಿದ್ದರಂತೆ. ಮೊಲಗಳೇ ಅವರ ಕೈಗೆ ಚೆನ್ನಾಗಿ ಒಲಿಯುತ್ತವೆಂದು ಕಂಡದ್ದರಿಂದ ಮಂಚದ ಮೇಲೆ ಮೊಲದ ಮರಿ ಬಂತು, ಪಕ್ಕದ ತೂಗುಕುರ್ಚಿಯಲ್ಲಿ ಹೆಣಿಗೆ ಹಿಡಿದ ಅಜ್ಜಿ ಮೊಲ ಕುಳಿತಿತು.

ಸುಮಾರು 130 ಪದಗಳ ಈ ಪುಸ್ತಕದಲ್ಲಿ ಕಥೆಯೆಂಬುದಿಲ್ಲ. ಮೊದಲರ್ಧದಲ್ಲಿ ಕೋಣೆಯಲ್ಲಿರುವ ವಸ್ತುಗಳ ಹೆಸರು. ಎರಡನೆಯ ಅರ್ಧದಲ್ಲಿ ಅವಕ್ಕೆ ಒಂದೊಂದಾಗಿ ವಿದಾಯ. ಬೆಕ್ಕಿನ ಮರಿ, ಬಾಚಣಿಗೆ, ಗಂಜಿಯ ಬಟ್ಟಲು, ಕಿಟಕಿಯಾಚೆಯ ಚಂದ್ರ, ಎಲ್ಲಕ್ಕೂ ಸಮಾನ ಗೌರವ. ನಡುವೆ ಒಂದು ಪುಟ ಖಾಲಿ. ಅಲ್ಲಿ ‘ಯಾರೂ ಅಲ್ಲದವ’ನಿಗೂ ಶುಭರಾತ್ರಿಯ ಹಾರೈಕೆ ಸಲ್ಲುತ್ತದೆ. ಕತ್ತಲೆಯಲ್ಲಿ ಯಾರೋ ಇದ್ದಾರೆಂದು ಅಂಜುವ ಮಗುವಿಗೆ ಇದಕ್ಕಿಂತ ಮರ್ಯಾದೆಯ ಸಮಾಧಾನ ಹೇಳುವುದು ಕಷ್ಟ. ಪುಟ ಮಗುಚಿದಂತೆ ಗಡಿಯಾರದ ಮುಳ್ಳು ಏಳರಿಂದ ಎಂಟೂ ಹತ್ತಕ್ಕೆ ಸರಿಯುತ್ತದೆ, ಚಂದ್ರ ಮೇಲೇರುತ್ತಾನೆ, ಕೋಣೆ ಕಂಡೂ ಕಾಣದ ಹಾಗೆ ಮಬ್ಬಾಗುತ್ತದೆ. ಬಣ್ಣದ ಪುಟಗಳಲ್ಲೆಲ್ಲ ಒಂದು ಪುಟ್ಟ ಇಲಿ ಜಾಗ ಬದಲಾಯಿಸುತ್ತ ಕೂತಿರುತ್ತದೆ. ಮಕ್ಕಳು ಅದನ್ನು ದೊಡ್ಡವರಿಗಿಂತ ಮೊದಲು ಹುಡುಕುತ್ತಾರೆ. ಕತ್ತಲಾದಮೇಲೂ ಎಲ್ಲವೂ ಇದ್ದಲ್ಲಿಯೇ ಇರುತ್ತದೆ ಎಂಬ ಒಂದೇ ಸಂಗತಿಯನ್ನು ಪುಸ್ತಕ ಸಾವಧಾನವಾಗಿ ಮನಗಾಣಿಸುತ್ತದೆ. ಮೇರಿ ಜೋನ್ಸ್ ಮೊಲವನ್ನು ಹತ್ತಿರ ತಂದ ಹಾಗೆ ಇಲ್ಲಿ ಕತ್ತಲನ್ನು ಇಷ್ಟಿಷ್ಟೇ ಹತ್ತಿರ ತರಲಾಗಿದೆ.

ಇಂಥ ಪುಸ್ತಕವನ್ನು ನ್ಯೂಯಾರ್ಕಿನ ಸಾರ್ವಜನಿಕ ಗ್ರಂಥಾಲಯ ಕೊಳ್ಳಲಿಲ್ಲ. ಅಲ್ಲಿಯ ಮಕ್ಕಳ ವಿಭಾಗವನ್ನು 1906ರಿಂದ 1941ರವರೆಗೆ ನಡೆಸಿದ ಆನ್ ಕ್ಯಾರೊಲ್ ಮೂರ್ ಸಾಮಾನ್ಯರಲ್ಲ. ಗ್ರಂಥಾಲಯಗಳ ಬಾಗಿಲನ್ನು ಮಕ್ಕಳಿಗೆ ತೆರೆಸಿದ ಮಹನೀಯರಲ್ಲಿ ಅವರೊಬ್ಬರು. ಅವರ ಮನಸ್ಸು ಮಾತ್ರ ಅದ್ಭುತ ಕಥೆಗಳ ಕಡೆಗೆ. ಬ್ಯಾಂಕ್ ಸ್ಟ್ರೀಟಿನವರ ಬಟ್ಟಲು, ಬಾಚಣಿಗೆಗಳು ಅವರಿಗೆ ಸಾಹಿತ್ಯವಾಗಿ ಕಾಣಲಿಲ್ಲ. ನಿವೃತ್ತರಾದಮೇಲೂ ಅವರ ಅಭಿರುಚಿಯೇ ಅಲ್ಲಿ ಕಟ್ಟಳೆಯಾಗಿತ್ತು. ಬ್ರೌನ್ ಅವರ ಪುಸ್ತಕ ಅತಿಭಾವುಕವೆಂದು ಬದಿಗೆ ಸರಿಯಿತು. ಅದು ಆ ಗ್ರಂಥಾಲಯದ ಕಪಾಟನ್ನು ಸೇರಿದ್ದು 1972ರಲ್ಲಿ, ಪ್ರಕಟವಾಗಿ ಇಪ್ಪತ್ತೈದು ವರ್ಷಗಳ ಮೇಲೆ. 2020ರಲ್ಲಿ ಅದೇ ಗ್ರಂಥಾಲಯ ತನ್ನ 125 ವರ್ಷಗಳಲ್ಲಿ ಅತಿ ಹೆಚ್ಚು ಎರವಲು ಹೋದ ಹತ್ತು ಪುಸ್ತಕಗಳ ಪಟ್ಟಿ ಮಾಡಿದಾಗ ‘ಗುಡ್‌ನೈಟ್ ಮೂನ್’ ಹತ್ತರೊಳಗೆ ಬರಲಿಲ್ಲ. ಕಳೆದುಹೋದ ಆ ಇಪ್ಪತ್ತೈದು ವರ್ಷಗಳನ್ನು ನೆನೆದು ಪಟ್ಟಿಯ ಹೊರಗೆ ಅದಕ್ಕೊಂದು ಗೌರವದ ಸ್ಥಾನ ಕೊಡಬೇಕಾಯಿತು.

ಪಂಡಿತರು ಒಪ್ಪದ ಪುಸ್ತಕವನ್ನು ತಾಯಂದಿರು ಉಳಿಸಿದರು. 1953ರಲ್ಲಿ ವರ್ಷಕ್ಕೆ ಸುಮಾರು 1,500 ಪ್ರತಿಗಳಷ್ಟು ಖರ್ಚಾಗುತ್ತಿದ್ದುದು 1970ರ ಹೊತ್ತಿಗೆ 20,000ದ ಹತ್ತಿರ ಬಂತು. 1990ರ ವೇಳೆಗೆ ಮಾರಾಟವಾದ ಒಟ್ಟು ಪ್ರತಿಗಳು 40 ಲಕ್ಷವನ್ನು ಮೀರಿದವು. ಇದನ್ನು ನೋಡಲು ಬ್ರೌನ್ ಇರಲಿಲ್ಲ. 1952ರ ನವೆಂಬರಿನಲ್ಲಿ, ಫ್ರಾನ್ಸಿನ ನೀಸ್ ನಗರದಲ್ಲಿ, ಶಸ್ತ್ರಚಿಕಿತ್ಸೆಯ ನಂತರ ತೀರಿಕೊಂಡಾಗ ಆಕೆಗೆ 42 ವರ್ಷ. ತಮಗೆ ಮಕ್ಕಳಿರಲಿಲ್ಲ, ಈ ಪುಸ್ತಕದ ಗೌರವಧನವನ್ನು ನೆರೆಮನೆಯ ಹುಡುಗನೊಬ್ಬನ ಹೆಸರಿಗೆ ಬರೆದಿಟ್ಟಿದ್ದರು.

ಬ್ರೌನ್ ಅವರ ಮೊಲದ ಮರಿ ಜಗಳವಾಡುವುದಿಲ್ಲ; ಅಜ್ಜಿ ಸುಮ್ಮನಿರೆಂದರೆ ಸುಮ್ಮನಿರುತ್ತದೆ. ಮನೆಗಳಲ್ಲಿ ಹಾಗೆ ನಡೆಯುವುದಿಲ್ಲವೆಂದು ಬಲ್ಲ ತಂದೆಯೊಬ್ಬರು 1960ರಲ್ಲಿ ಇನ್ನೊಂದು ಮರಿಯನ್ನು ತಂದರು. ರಸೆಲ್ ಹೋಬನ್ ಬರೆದು ಗಾರ್ತ್ ವಿಲಿಯಮ್ಸ್ ಚಿತ್ರಿಸಿದ ‘ಬೆಡ್‌ಟೈಮ್ ಫಾರ್ ಫ್ರಾನ್ಸಿಸ್’ ಪುಸ್ತಕದ ನಾಯಕಿ ಬ್ಯಾಜರ್ ಎಂಬ ಬಿಲವಾಸಿ ಪ್ರಾಣಿಯ ಹೆಣ್ಣುಮರಿ. ಹಾಲು ಕುಡಿದಾಯಿತು, ಅಪ್ಪನ ಬೆನ್ನೇರಿ ಬಂದಾಯಿತು, ಮುತ್ತೂ ಆಯಿತು. ನಿದ್ದೆ ಮಾತ್ರ ಬರಲೊಲ್ಲದು. ಕೋಣೆಯಲ್ಲಿ ಹುಲಿ ಇದೆ, ಕುರ್ಚಿಯ ಮೇಲೆ ರಾಕ್ಷಸನಿದ್ದಾನೆ, ಮಾಳಿಗೆಯ ಬಿರುಕಿನಿಂದ ಏನಾದರೂ ಇಳಿದೀತು. ಪ್ರತಿ ಸಲವೂ ಫ್ರಾನ್ಸಿಸ್ ಎದ್ದು ಹೋಗಿ ವರದಿ ಒಪ್ಪಿಸುತ್ತಾಳೆ. ಹುಲಿ ಇಲ್ಲವೆಂದು ಅಪ್ಪ ಅಮ್ಮ ವಾದಿಸುವುದಿಲ್ಲ. ಅದು ಕಚ್ಚಿತೇ ಎಂದು ವಿಚಾರಿಸುತ್ತಾರೆ. ರಾಕ್ಷಸನಿಗೆ ಏನು ಬೇಕೆಂದು ಕೇಳಿ ಬಾ ಎನ್ನುತ್ತಾರೆ. ಹೋಗಿ ನೋಡಿದರೆ ಅದು ಕುರ್ಚಿಗೆ ಹಾಕಿದ ನಿಲುವಂಗಿ.

ಪರದೆ ಅಲುಗುತ್ತದೆಂದು ಬಂದಾಗ ನಿದ್ದೆಗಣ್ಣಿನ ಅಪ್ಪ ಹೇಳುವ ಮಾತು ಒಂದು ಸಣ್ಣ ದರ್ಶನದಂತಿದೆ. ಪರದೆಯನ್ನು ಅಲುಗಿಸುವುದು ಗಾಳಿಯ ಉದ್ಯೋಗ, ಕಚೇರಿಗೆ ಹೋಗುವುದು ತನ್ನ ಉದ್ಯೋಗ, ನಿದ್ದೆ ಮಾಡುವುದು ಅವಳ ಉದ್ಯೋಗ. ಅವರವರು ತಮ್ಮ ಕೆಲಸ ಮಾಡದಿದ್ದರೆ ಕೆಲಸ ಹೋಗುತ್ತದೆ. ಅವಳು ಮಾಡದಿದ್ದರೆ ಏಟು ಬೀಳುತ್ತದೆ! ಹೋಬನ್ ಅವರ ಮೊದಲ ಪುಸ್ತಕ, 1959ರದು, ಯಂತ್ರಗಳು ಏನು ಮಾಡುತ್ತವೆ, ಹೇಗೆ ಕೆಲಸಮಾಡುತ್ತವೆ ಎಂಬುದನ್ನು ಕುರಿತದ್ದೆಂದು ನೆನೆದರೆ ಈ ಅಪ್ಪನ ತರ್ಕ ಎಲ್ಲಿಯದೆಂದು ಹೊಳೆಯುತ್ತದೆ. ಕಡೆಗೆ ಕಿಟಕಿಗೆ ಬಡಿಯುವ ಪತಂಗದ ಸದ್ದು ಕೇಳಿದಾಗ ಫ್ರಾನ್ಸಿಸ್ ಯಾರನ್ನೂ ಎಬ್ಬಿಸುವುದಿಲ್ಲ. ಪತಂಗ ತನ್ನ ಕೆಲಸ ಮಾಡುತ್ತಿದೆಯೆಂದು ತಾನೇ ತೀರ್ಮಾನಿಸಿ ಮಲಗುತ್ತಾಳೆ. ಏಟಿನ ಬೆದರಿಕೆ ಅಲ್ಲಿ ಇನ್ನೂ ಉಳಿದಿದೆ, ನಿಜ. ಆದರೂ ಅವಳನ್ನು ಮಲಗಿಸಿದ ಯಶಸ್ಸಿನಲ್ಲಿ ಹೆಚ್ಚು ಪಾಲು ಅವಳ ಸ್ವಂತ ವಿಚಾರಕ್ಕೆ ಸೇರಬೇಕು.

ಮೂರನೆಯ ಮರಿ 1988ರದು. ಬೆಲ್ಫಾಸ್ಟಿನಲ್ಲಿ ಹುಟ್ಟಿದ ಮಾರ್ಟಿನ್ ವಾಡೆಲ್ ಬರೆದು, ಬಾರ್ಬರಾ ಫರ್ತ್ ಚಿತ್ರ ಬರೆದ ‘ಕಾಂಟ್ ಯೂ ಸ್ಲೀಪ್, ಲಿಟ್ಲ್ ಬೇರ್?’ ಎಂಬ ಪುಸ್ತಕ. ಚಿತ್ರಗಳಿಗೆ ಇಂಗ್ಲೆಂಡಿನ ಕೇಟ್ ಗ್ರೀನವೇ ಪದಕ ಬಂದಿತು. ಗುಹೆಯ ಕತ್ತಲಿಗೆ ಹೆದರಿದ ಮರಿಗಾಗಿ ದೊಡ್ಡ ಕರಡಿ ಪುಟ್ಟ ಲಾಂದ್ರ ತಂದಿಡುತ್ತದೆ. ಸಾಲದೆಂದರೆ ಅದಕ್ಕಿಂತ ದೊಡ್ಡದು. ಕಡೆಗೆ ಎಲ್ಲಕ್ಕಿಂತ ದೊಡ್ಡದು. ಪ್ರತಿ ಸಲವೂ ತಾನು ಓದುತ್ತಿದ್ದ ಪುಸ್ತಕವನ್ನು ಬಿಟ್ಟು ಏಳಬೇಕು. ಗುಹೆಯೆಲ್ಲ ಬೆಳಗಿದರೂ ಹೊರಗಿನ ಕತ್ತಲು ಹಾಗೆಯೇ ಇದೆಯಲ್ಲ ಎನ್ನುತ್ತದೆ ಮರಿ. ಲೋಕದ ಕತ್ತಲಿಗೆಲ್ಲ ಸಾಕಾಗುವ ಲಾಂದ್ರ ಯಾವ ತಂದೆಯ ಮನೆಯಲ್ಲಿದೆ? ದೊಡ್ಡ ಕರಡಿ ಮರಿಯನ್ನು ಎತ್ತಿಕೊಂಡು ಆ ಕತ್ತಲೆಯೊಳಕ್ಕೇ ನಡೆದು ಚಂದ್ರನನ್ನೂ ಚುಕ್ಕಿಗಳನ್ನೂ ತೋರಿಸುತ್ತದೆ. ನೋಡುವುದರೊಳಗೆ ಮರಿ ತೋಳಿನಲ್ಲಿ ನಿದ್ದೆಹೋಗಿರುತ್ತದೆ.

ಇವೆಲ್ಲ ಪ್ರಾಣಿಗಳ ಕಥೆಯೇ ಏಕಾಗಬೇಕು? ಪುಸ್ತಕದ ಮಗು ಮನುಷ್ಯರದಾದರೆ ಕೇಳುವ ಮಗುವಿಗೆ ತನ್ನನ್ನೇ ಆಕ್ಷೇಪಿಸಿದಂತೆ ತೋರಬಹುದು. ಮೊಲದ ಮರಿಗೋ ಕರಡಿ ಮರಿಗೋ ಭಯವಾದರೆ ಅದನ್ನು ನೋಡಿ ನಗಬಹುದು, ಕನಿಕರಿಸಬಹುದು, ತಾನು ಅದಕ್ಕಿಂತ ಧೈರ್ಯಶಾಲಿಯೆಂದು ಬೀಗಲೂಬಹುದು. ಜೋನ್ಸ್ ಅವರ ಪೀಟರನೂ ಬೇರೆಯವರು ಮೊಲ ಮುಟ್ಟುವುದನ್ನು ಕಂಡಮೇಲಲ್ಲವೆ ತಾನೂ ಕೈ ಚಾಚಿದ್ದು!

ಮೊದಲ ಪುಸ್ತಕ ಕೋಣೆಯ ವಸ್ತುಗಳನ್ನು ಹೆಸರು ಹಿಡಿದು ಪರಿಚಯಿಸಿತು. ಎರಡನೆಯದು ಭಯಕ್ಕೆ ಕಾರಣವನ್ನು ಹುಡುಕಿಸಿತು. ಮೂರನೆಯದು ಕತ್ತಲನ್ನೇ ತೋರಿಸಿತು. ಮೂರರಲ್ಲೂ ಸಮಾನವಾದದ್ದು ಒಂದುಂಟು: ಪಕ್ಕದಲ್ಲಿ ಕೂಡಲೋ, ಪ್ರಶ್ನೆಗೆ ಉತ್ತರ ಹೇಳಲೋ, ಎತ್ತಿಕೊಂಡು ಹೊರಗೆ ಹೋಗಲೋ ಒಬ್ಬ ದೊಡ್ಡವರು ತಮ್ಮ ಹೊತ್ತನ್ನು ಕೊಡುತ್ತಾರೆ. ಗುಮ್ಮನಿಗೆ ಅಷ್ಟು ಕಾಲ ಮನ್ನಣೆ ದೊರೆತದ್ದು ಅವನು ಆ ಹೊತ್ತನ್ನು ಉಳಿಸಿಕೊಡುತ್ತಿದ್ದುದರಿಂದಲೇ. ಉಳಿಸಿದ್ದರ ಬೆಲೆಯನ್ನು ಮುಸುಕಿನೊಳಗೆ ಕಣ್ಣು ಬಿಟ್ಟುಕೊಂಡ ಮಗು ತೆರುತ್ತಿತ್ತು. ದೊಡ್ಡ ಕರಡಿಯ ಪುಸ್ತಕವಾದರೋ ಓದದೆ ಉಳಿಯಲಿಲ್ಲ. ಮರಿ ಮಲಗಿದಮೇಲೆ ಅದನ್ನು ಒಂದು ತೋಳಿನಲ್ಲಿಟ್ಟುಕೊಂಡು, ಒಲೆಯ ಬಳಿ ಕುಳಿತು, ಅದು ಕೊನೆಯವರೆಗೂ ಓದಿ ಮುಗಿಸುತ್ತದೆ.