ಟಸ್ಕೀಗೀ ಸಿಫಿಲಿಸ್ ಅಧ್ಯಯನ

ಅಮೆರಿಕದ ಸಾರ್ವಜನಿಕ ಆರೋಗ್ಯ ಸೇವೆಯು 1932ರಿಂದ 1972ರವರೆಗೆ ಅಲಬಾಮಾ ರಾಜ್ಯದ ಮೇಕನ್ ಕೌಂಟಿಯಲ್ಲಿ ನಡೆಸಿದ ಸಂಶೋಧನೆ. ಸಿಫಿಲಿಸ್ ಇದ್ದ 399, ಇಲ್ಲದ 201 ಕಪ್ಪು ಪುರುಷರನ್ನು ಸೇರಿಸಿಕೊಂಡು, ಚಿಕಿತ್ಸೆಯಿಲ್ಲದೆ ರೋಗ ಹೇಗೆ ಬೆಳೆಯುತ್ತದೆಂದು ಅವರು ಸಾಯುವವರೆಗೂ ಗಮನಿಸುವುದು ಇದರ ಗುರಿ. ರೋಗದ ಹೆಸರನ್ನು ಅವರಿಗೆ ತಿಳಿಸಲಿಲ್ಲ. ರಕ್ತ ಕೆಟ್ಟಿದೆಯೆಂದಷ್ಟೇ ಹೇಳಿದರು. ಪರೀಕ್ಷೆಗೆಂದು ಬೆನ್ನುಹುರಿಯ ದ್ರವ ತೆಗೆದದ್ದನ್ನೂ ವಿಶೇಷ ಚಿಕಿತ್ಸೆಯೆಂದು ನಂಬಿಸಿದರು.

ಆ ಕಾಲದ ಔಷಧಗಳೇ ವಿಷಕಾರಿಯಾಗಿದ್ದವು, ಕೊಡದಿದ್ದುದು ದೊಡ್ಡ ತಪ್ಪಲ್ಲ ಎಂಬ ಸಮರ್ಥನೆಯಿದೆ. ಆರ್ಸೆನಿಕ್ ಮದ್ದುಗಳ ಮಟ್ಟಿಗೆ ಇದರಲ್ಲಿ ಸ್ವಲ್ಪ ಸತ್ಯವಿದ್ದರೂ, ಸುಳ್ಳು ಹೇಳುವುದಕ್ಕೆ ಅದು ನೆಪವಾಗದು. 1940ರ ದಶಕದ ಕೊನೆಗೆ ಪೆನಿಸಿಲಿನ್ ಬಳಕೆಗೆ ಬಂದ ಮೇಲಂತೂ ಈ ವಾದ ನಿಲ್ಲುವುದೇ ಇಲ್ಲ. ಅದನ್ನೂ ಇವರಿಗೆ ತಪ್ಪಿಸಲಾಯಿತು. ಕೆಲವೇ ವೈದ್ಯರ ಕ್ರೌರ್ಯವೆಂದು ಬದಿಗಿಡುವುದೂ ಸರಿಯಲ್ಲ. 1936ರಿಂದಲೇ ಇದರ ವರದಿಗಳು ವೈದ್ಯಕೀಯ ಪತ್ರಿಕೆಗಳಲ್ಲಿ ಬಹಿರಂಗವಾಗಿ ಅಚ್ಚಾಗುತ್ತಿದ್ದವು. 1969ರಲ್ಲಿ ಪರಿಶೀಲಿಸಿದ ತಜ್ಞರ ಸಮಿತಿಯೇ ಮುಂದುವರಿಸಲು ಒಪ್ಪಿತು. ವಿಜ್ಞಾನಿಗಳ ಸ್ವಯಂ ನಿಯಂತ್ರಣವೊಂದೇ ಸಾಲದು ಎಂಬುದಕ್ಕೆ ಇದಕ್ಕಿಂತ ಬಲವಾದ ಸಾಕ್ಷ್ಯ ಬೇಕಿಲ್ಲ. ಸಾರ್ವಜನಿಕ ಆರೋಗ್ಯ ಸೇವೆಯ ಮಾಜಿ ಉದ್ಯೋಗಿ ಪೀಟರ್ ಬಕ್ಸ್‌ಟನ್ ಕೊಟ್ಟ ಮಾಹಿತಿಯಿಂದ 1972ರಲ್ಲಿ ಪತ್ರಿಕೆಗಳು ವಿಷಯವನ್ನು ಹೊರಗೆಡಹಿದ ಮೇಲಷ್ಟೇ ಅಧ್ಯಯನ ನಿಂತಿತು. ಸಂಶೋಧನೆಗೆ ಒಳಗಾಗುವವರ ರಕ್ಷಣೆಗಾಗಿ 1974ರ ರಾಷ್ಟ್ರೀಯ ಸಂಶೋಧನಾ ಕಾಯ್ದೆ, 1979ರ ಬೆಲ್ಮಾಂಟ್ ವರದಿ ಬಂದವು. 1997ರಲ್ಲಿ ಅಧ್ಯಕ್ಷ ಬಿಲ್ ಕ್ಲಿಂಟನ್ ಸರ್ಕಾರದ ಪರವಾಗಿ ಕ್ಷಮೆ ಕೇಳಿದಾಗ ಬದುಕಿದ್ದವರು 8 ಮಂದಿ.